ಆಟದ ಕಣಕಕ್ಕೆ ಅಡುಗೆಯ ಪರಿಮಳವೇಕೆ?

ನಮ್ಮ ಸಮಾಜದ ಮಕ್ಕಳಿಗಾಗಿ ನಡೆಯುವ ಬೇಸಿಗೆಯ ಧಾರ್ಮಿಕ ಶಿಬಿರಗಳ ಪೈಕಿ ಎರಡನ್ನು ಈಚೆಗೆ ನಾನು ಹತ್ತಿರದಿಂದ ಕಂಡೆ. ಬೆಳಿಗ್ಗೆ ಣಮೋಕಾರ ಮಂತ್ರ, ಅನಂತರ ತೀರ್ಥಂಕರರ ಲಾಂಛನಗಳ ಪಾಠ, ಮಧ್ಯಾಹ್ನ ಕರಕುಶಲ ಕಲೆ. ಈ ಕೊನೆಯ ವೇಳೆಯಲ್ಲಿ ಎರಡು ಕಡೆಯೂ ಒಂದೇ ಪದಾರ್ಥ ಮಕ್ಕಳ ಕೈಯಲ್ಲಿತ್ತು: ಮೈದಾ, ಉಪ್ಪು, ಎಣ್ಣೆ, ನೀರು ಬೆರೆಸಿ ಒಲೆಯ ಮೇಲೆ ಕಾಯಿಸಿ, ನಾದಿ, ಬಣ್ಣ ಹಾಕಿದ ಮುದ್ದೆ. ಪೇಟೆಯಲ್ಲಿ ಡಬ್ಬಿಗಳಲ್ಲಿ ಮಾರುವ ಪ್ಲೇ ಡೋ ಎಂಬುದರ ಮನೆಯ ರೂಪ. ಹೂರಣಕ್ಕೆ ಕಣಕವಿರುವಂತೆ ಇದು ಆಟಕ್ಕೆ ಕಣಕ. ನಾನು ಹಾಗೆಯೇ ಕರೆಯುತ್ತೇನೆ. ಇದರ ಹೊಸ ವಿಶೇಷವೆಂದರೆ ಪರಿಮಳ. ಒಂದು ಮುದ್ದೆಗೆ ಏಲಕ್ಕಿ, ಇನ್ನೊಂದಕ್ಕೆ ಕಾಫಿಪುಡಿ, ಮತ್ತೊಂದಕ್ಕೆ ವೆನಿಲ್ಲಾ, ಕಿತ್ತಳೆ ಸಿಪ್ಪೆ, ಚಕ್ಕೆ. ಮಗುವಿನ ಪಂಚೇಂದ್ರಿಯಗಳೂ ಅರಳಬೇಕು ಎಂಬುದು ಇದಕ್ಕೆ ಕೊಡುವ ಕಾರಣ.

ಇಂದ್ರಿಯಗಳು ಅರಳುವುದಕ್ಕೆ ನನ್ನ ತಕರಾರಿಲ್ಲ. ಮಗು ಹಿಟ್ಟಿನಲ್ಲಿ ಕೈಯಾಡಿಸುವುದಕ್ಕೂ ಇಲ್ಲ. ಆದರೆ ತಿನ್ನಬಾರದ ವಸ್ತುವಿಗೆ ತಿನಿಸಿನ ಪರಿಮಳವನ್ನು ಲೇಪಿಸಿ ಮೂರು ವರ್ಷದ ಮಗುವಿನ ಮುಂದಿಡುವುದು ವಂಚನೆ. ಅದನ್ನು ಬಸದಿಯ ಆವರಣದಲ್ಲಿ, ಧರ್ಮಶಿಕ್ಷಣದ ಹೆಸರಿನಲ್ಲಿ ಮಾಡುವುದನ್ನು ನಮ್ಮ ಆಡಳಿತ ಮಂಡಳಿಗಳು ಕೂಡಲೇ ನಿಲ್ಲಿಸಬೇಕು. ಇಷ್ಟು ಸಣ್ಣ ವಿಷಯಕ್ಕೆ ಇಷ್ಟು ದೊಡ್ಡ ಮಾತೇ ಎನ್ನುವವರು ದಯವಿಟ್ಟು ಮುಂದೆ ಓದಬೇಕು.

ಕಳೆದ ಆಷಾಢದಲ್ಲಿ ನಾನು ಕೊಡ್ಲಿಪೇಟೆಯ ಮಗಳ ಮನೆಯಲ್ಲಿದ್ದೆ. ಕೊಡಗಿನ ಉತ್ತರದ ಅಂಚು, ಹಾಸನ ಜಿಲ್ಲೆಯ ಗಡಿಗೆ ತಾಗಿದ ಊರು. ಮಳೆ ಹಿಡಿದರೆ ಒಣಗಲು ಹಾಕಿದ ಬಟ್ಟೆ ವಾರವಾದರೂ ಹಸಿ ವಾಸನೆ ಬಿಡುವುದಿಲ್ಲ. ಉಪ್ಪಿನ ಭರಣಿಯ ಬಾಯಲ್ಲಿ ನೀರೂರುತ್ತದೆ. ಶಾಲೆಗೆ ಮಳೆಯ ರಜೆ. ಮೊಮ್ಮಗಳಿಗೆ ಮೂರು ತುಂಬಿ ನಾಲ್ಕು ನಡೆಯುತ್ತಿತ್ತು. ಶಿಬಿರದಲ್ಲಿ ಕೊಟ್ಟ ಚೀಟಿ ನೋಡಿಕೊಂಡು ಮಗಳು ಕಣಕ ಮಾಡಿದಳು. ತೋಟದ ಏಲಕ್ಕಿಯನ್ನೇ ಪುಡಿಮಾಡಿ ಹಾಕಿದಳು. ಅಡುಗೆಮನೆಯೆಲ್ಲ ಪಾಯಸ ಕುದಿಯುತ್ತಿರುವಂತೆ ಘಮಘಮಿಸಿತು. ನಾನೇ ಒಳಗೆ ಬಂದು, ಈ ದಿನ ಯಾವ ಹಬ್ಬ ಎಂದು ಕೇಳಿದೆ. ಅರವತ್ತೆಂಟು ವರ್ಷದವಳು ನಾನು, ನನ್ನ ಮೂಗೇ ಮೋಸಹೋಯಿತು.

"ಅಜ್ಜಿ, ಮೂಸಿ ನೋಡು, ಲಾಡು" ಎಂದು ಮಗು ಉಂಡೆ ಕಟ್ಟಿ ತಂದಿತು. ನಾನು ಮೂಸಿ ತಲೆಯಾಡಿಸುವಷ್ಟರಲ್ಲಿ ಇನ್ನೊಂದು ಉಂಡೆಯನ್ನು ತನ್ನ ಬಾಯಿಗೆ ಹಾಕಿಕೊಂಡಿತ್ತು. ಮರುಕ್ಷಣವೇ ಮುಖ ಕಿವುಚಿ ಉಗುಳಿತು, ಅತ್ತಿತು. ತಾಯಿ ಬಾಯಿ ತೊಳೆಸಿ, "ತಿನ್ನಬಾರದು ಅಂತ ಹೇಳಿರಲಿಲ್ಲವಾ" ಎಂದು ಗದರಿದಳು. ಮಗು ಅಳುವಿನ ನಡುವೆಯೇ, "ಲಾಡು ವಾಸನೆ ಬಂತಲ್ಲ" ಎಂದಿತು. ಈ ಪ್ರಶ್ನೆಗೆ ಉತ್ತರ ಕೊಡಬೇಕಾದವರು ಮಗುವೋ ನಾವೋ?

ಉಗುಳದೆ ನುಂಗಿದ್ದರೆ ಏನಾಗುತ್ತಿತ್ತೆಂದು ಲೆಕ್ಕ ಹಾಕೋಣ. ಬಹುತೇಕ ಚೀಟಿಗಳಲ್ಲಿರುವ ಅಳತೆ ಎರಡು ಲೋಟ ಮೈದಾಕ್ಕೆ ಒಂದು ಲೋಟ ಉಪ್ಪು, ಎರಡು ಲೋಟ ನೀರು, ಎರಡು ಚಮಚ ಎಣ್ಣೆ. ಹಿಟ್ಟಿಗಿಂತ ಉಪ್ಪು ತೂಕದ ವಸ್ತು. ತೂಗಿ ನೋಡಿದರೆ ಸಿದ್ಧವಾದ ಮುದ್ದೆಯಲ್ಲಿ ಹೆಚ್ಚುಕಡಿಮೆ ನಾಲ್ಕರಲ್ಲೊಂದು ಪಾಲು ಉಪ್ಪೇ. 30 ಗ್ರಾಂ ತೂಕದ ಒಂದು ಸಣ್ಣ ಉಂಡೆಯಲ್ಲಿ ಏಳೆಂಟು ಗ್ರಾಂ ಉಪ್ಪಿರುತ್ತದೆ. ವಯಸ್ಕನೊಬ್ಬ ಇಡೀ ದಿನದಲ್ಲಿ 5 ಗ್ರಾಮಿಗಿಂತ ಕಡಿಮೆ ಉಪ್ಪು ಸೇವಿಸಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಹಾಗಾದರೆ ಹದಿನಾಲ್ಕು ಕಿಲೋ ತೂಕದ ಮಗುವಿನ ಪಾಡೇನು? ರಕ್ತದಲ್ಲಿ ಉಪ್ಪಿನಂಶ ಒಮ್ಮೆಲೇ ಏರಿದರೆ ಮಿದುಳಿಗೇ ಅಪಾಯ. ಇಂಥ ಕಣಕ ತಿಂದ ಸಾಕುನಾಯಿಗಳು ಸಾವಿನ ಅಂಚಿಗೆ ಹೋಗುತ್ತವೆಂದು ಪಶುವೈದ್ಯರು ಎಚ್ಚರಿಸುತ್ತಲೇ ಇದ್ದಾರೆ. ಉಪ್ಪಿನ ರುಚಿ ಕೆಟ್ಟದ್ದಾದ್ದರಿಂದ ಮಗು ತಿನ್ನುವುದಿಲ್ಲ ಎಂಬ ಸಮಾಧಾನವನ್ನು ಶಿಬಿರದವರು ಕೊಟ್ಟರು. ಒಂದು ಕೈಯಿಂದ ಕರೆದು ಇನ್ನೊಂದು ಕೈಯಿಂದ ಕೆನ್ನೆಗೆ ಬಾರಿಸಿದರೆ ಮಗು ಮತ್ತೆ ಬರುವುದಿಲ್ಲ ಎಂದಂತಾಯಿತು ಈ ತರ್ಕ.

ಲೌಕಿಕ ಕಾನೂನು ಕೂಡ ಈ ಅಪಾಯವನ್ನು ಅರಿತಿದೆ. ಆಕಾರದಿಂದಲೋ ವಾಸನೆಯಿಂದಲೋ ಆಹಾರವೆಂದು ಭ್ರಮೆ ಹುಟ್ಟಿಸಿ, ಮಕ್ಕಳು ಬಾಯಿಗಿಟ್ಟು ಅಪಾಯಕ್ಕೀಡಾಗಬಹುದಾದ ಸರಕುಗಳನ್ನು ಮಾರಬಾರದೆಂದು ಯುರೋಪಿನ ರಾಷ್ಟ್ರಗಳ ಒಕ್ಕೂಟ 1987ರಲ್ಲಿಯೇ ನಿರ್ದೇಶನ ಹೊರಡಿಸಿತು. 2024ರ ಡಿಸೆಂಬರಿನಿಂದ ಅದರ ಜಾಗಕ್ಕೆ ಇನ್ನೂ ವಿಸ್ತಾರವಾದ ನಿಯಮ ಬಂದಿದೆ. ಮಾಂಸಾಹಾರಿಗಳ ನಾಡಿನ ವ್ಯಾಪಾರದ ಕಾನೂನಿಗೆ ಹೊಳೆದ ಸೂಕ್ಷ್ಮ, ಕ್ರೋಧ ಮಾನ ಮಾಯೆ ಲೋಭಗಳನ್ನು ಕಷಾಯಗಳೆಂದು ಎಣಿಸಿ, ಮಾಯೆ ಎಂದರೆ ಕಪಟ ಎಂದು ಬಾಲ್ಯದಲ್ಲೇ ಪಾಠ ಹೇಳಿಸಿಕೊಂಡ ನಮಗೆ ಹೊಳೆಯಬಾರದೇ? ವಾಸನೆಯೂ ಒಂದು ಮಾತು. ಮಾತು ಕಲಿಯುವುದಕ್ಕೆ ಎಷ್ಟೋ ಮೊದಲು ಶಿಶು ತಾಯಿಯನ್ನು ವಾಸನೆಯಿಂದ ಗುರುತಿಸುತ್ತದೆ. ಅಷ್ಟು ಹಳೆಯ ನಂಬಿಕೆಯ ದಾರಿಯಲ್ಲಿ ಸುಳ್ಳನ್ನು ಕಳುಹಿಸಬಾರದು.

ಇಲ್ಲಿಯವರೆಗೆ ನನ್ನೊಡನೆ ತಲೆದೂಗಿದ ಕೆಲವು ಹಿರಿಯರನ್ನು ಈಗ ಎದುರಿಸಬೇಕಾಗಿದೆ. ಅವರ ನಿಲುವು ನನಗಿಂತ ಕಟುವಾದದ್ದು: ಹಿಟ್ಟಿನಲ್ಲಿ ಆಡುವುದೇ ಪಾಪ. ಒಂದು ಬಸದಿಯ ಮಂಡಳಿಯಲ್ಲಿ ಈ ಕುರಿತು ಚರ್ಚೆಯಾದಾಗ ಒಬ್ಬರು ಯಶೋಧರನ ಕಥೆಯನ್ನೇ ಮುಂದಿಟ್ಟರಂತೆ. ಜನ್ನ 1209ರಲ್ಲಿ ರಚಿಸಿದ ಯಶೋಧರ ಚರಿತೆ ನಮ್ಮ ಮನೆಗಳಿಗೆ ಅಪರಿಚಿತವಲ್ಲ. ಜೀವಂತ ಬಲಿಗೆ ಒಪ್ಪದ ಅರಸ, ತಾಯಿ ಚಂದ್ರಮತಿಯ ಒತ್ತಾಯಕ್ಕೆ ಮಣಿದು ಹಿಟ್ಟಿನ ಕೋಳಿಯನ್ನು ಚಂಡಮಾರಿಗೆ ಕಡಿಯುತ್ತಾನೆ. ಆ ಸಂಕಲ್ಪ ಹಿಂಸೆಯ ಫಲವಾಗಿ ತಾಯಿಮಗ ಇಬ್ಬರೂ ನವಿಲಾಗಿ ನಾಯಾಗಿ, ಮತ್ತೆ ಮತ್ತೆ ತಿರ್ಯಂಚ ಯೋನಿಗಳಲ್ಲಿ ತೊಳಲುತ್ತಾರೆ. ಆದ್ದರಿಂದ ಹಿಟ್ಟಿನಲ್ಲಿ ಕೋಳಿ, ಆನೆ, ಹುಲಿ ಮಾಡುವುದೇ ನಿಷಿದ್ಧ ಎಂದು ಆ ಹಿರಿಯರ ತೀರ್ಪು.

ಇದು ಕಥೆಯ ಅಪವ್ಯಾಖ್ಯಾನ. ಅಲ್ಲಿ ಪಾಪ ಹಿಟ್ಟಿನಲ್ಲಿರಲಿಲ್ಲ, ಕೋಳಿಯ ಆಕಾರದಲ್ಲಿಯೂ ಇರಲಿಲ್ಲ. ಕತ್ತಿ ಎತ್ತಿದ ಕೈಯ ಹಿಂದಿನ ಭಾವದಲ್ಲಿತ್ತು. ಕೋಳಿಯನ್ನು ಕೊಂದೆನೆಂದು ದೇವಿ ನಂಬಲಿ ಎಂಬ ಉದ್ದೇಶದಿಂದಲೇ ಆ ಕೋಳಿ ಮಾಡಿಸಲ್ಪಟ್ಟಿತು. ಮಗು ಮಾಡುವ ಕೋಳಿಗೆ ಬೇರೆಯ ಉದ್ದೇಶ. ಅದು ಕೂಗಬೇಕು, ಕಾಳು ಹೆಕ್ಕಬೇಕು, ಸಂಜೆ ಬುಟ್ಟಿಯಡಿಯಲ್ಲಿ ಮಲಗಬೇಕು. ಜೀವವಿಲ್ಲದ್ದರಲ್ಲಿ ಜೀವವನ್ನು ಕಲ್ಪಿಸಿಕೊಂಡು ಅದಕ್ಕೆ ಮುದ್ದು ಮಾಡುವ ಭಾವವೇ ಹಿಂಸೆಯಾದರೆ ದಯೆ ಎಂಬುದು ಎಲ್ಲಿಂದ ಮೊಳೆಯಬೇಕು? ಆ ಕಾವ್ಯದ ಕಥೆಯನ್ನು ಮಾರಿದತ್ತನ ಮುಂದೆ ನಿಂತು ಹೇಳುವವರು ಅಭಯರುಚಿ, ಅಭಯಮತಿ ಎಂಬ ಎಳೆಯ ವಯಸ್ಸಿನ ಅಣ್ಣತಂಗಿಯರು ಎಂಬುದನ್ನೂ ಹಿರಿಯರು ನೆನೆಯಲಿ. ಬಲಿಗೆ ತಂದ ಎಳೆಯರ ಮಾತನ್ನು ರಾಜನೇ ಕೇಳಿದ. ನಾವು ಮಕ್ಕಳ ಆಟವನ್ನು ಒಂದು ಗಳಿಗೆ ಕುಳಿತು ನೋಡಬಾರದೇ?

ಇನ್ನೊಬ್ಬರು ಅನರ್ಥದಂಡದ ಮಾತೆತ್ತಿದರು. ಸಮಂತಭದ್ರ ಆಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಪಾಪೋಪದೇಶ, ಹಿಂಸಾದಾನ, ಅಪಧ್ಯಾನ, ದುಃಶ್ರುತಿ, ಪ್ರಮಾದಚರ್ಯೆ ಎಂದು ಅದನ್ನು ಐದು ಬಗೆಯಾಗಿ ಹೇಳಿದ್ದಾರೆ. ನಿಷ್ಪ್ರಯೋಜಕವಾಗಿ ನೆಲ ಅಗೆಯುವುದು, ನೀರು ಚೆಲ್ಲುವುದು, ಬೆಂಕಿ ಹೊತ್ತಿಸುವುದು ಪ್ರಮಾದಚರ್ಯೆ. ಹಿಟ್ಟು ಕಲಸಿ ಬಿಸಾಡುವುದೂ ಅದೇ ಎಂದು ವಾದ. ವಾದದಲ್ಲಿ ಅರ್ಧ ಸತ್ಯವಿದೆ. ಆದರೆ ಮಗುವಿಗೆ ಆಟ ನಿಷ್ಪ್ರಯೋಜಕವಲ್ಲ. ಮುದ್ದೆಯನ್ನು ಹಿಸುಕಿ, ಉದ್ದ ಎಳೆದು, ಚಿವುಟಿ ಆಡಿದ ಬೆರಳುಗಳಿಗೇ ಮುಂದೆ ಬಳಪ ಹಿಡಿಯುವ ಬಲ ಬರುವುದು. ಕೈಬೆರಳು ಸ್ವಾಧೀನವಿಲ್ಲದ ಮಕ್ಕಳಿಗೆ ಚಿಕಿತ್ಸಕರು ಇದನ್ನು ಮದ್ದಿನಂತೆ ಮಾಡಿಸುತ್ತಾರೆ. ಮದುವೆಯ ಪಂಕ್ತಿಯಲ್ಲಿ ಎಲೆಯ ಮೇಲೆ ಮೂರು ಬಗೆಯ ಸಿಹಿಯನ್ನು ಹಾಗೆಯೇ ಮಡಿಸಿ ಏಳುವ ನಾವು, ಮಗುವಿನ ಕೈಯ ಒಂದು ಹಿಡಿ ಮೈದಾ ನೋಡಿ ಅನ್ನದ ಅಪಮಾನವೆಂದು ಕೂಗುವುದು ನಾಚಿಕೆಗೇಡು. ಮೊದಲು ಆ ಎಲೆಗಳ ಲೆಕ್ಕ ಮಂಡಳಿಯಲ್ಲಿ ಆಗಲಿ.

ಅನರ್ಥದಂಡದ ಪಟ್ಟಿಯಲ್ಲಿ ನಿಜವಾಗಿ ನಮಗೆ ತಾಗುವ ಹೆಸರು ಬೇರೆಯೇ ಇದೆ. ಅದು ಹಿಂಸಾದಾನ, ಎಂದರೆ ಹಿಂಸೆಯ ಉಪಕರಣವನ್ನು ಇನ್ನೊಬ್ಬರ ಕೈಗೆ ಕೊಡುವುದು. ಮೇಲೆ ಹೇಳಿದ ಎರಡು ಶಿಬಿರಗಳಲ್ಲಿ ಒಂದರಲ್ಲಿ ಕಣಕದ ಜೊತೆಗೆ ಪ್ಲಾಸ್ಟಿಕ್ ಅಚ್ಚುಗಳನ್ನು ಕೊಂಡು ತಂದಿದ್ದರು. ಅಗ್ಗಕ್ಕೆ ಸಿಕ್ಕ ಪೆಟ್ಟಿಗೆ. ಒಳಗೇನಿದೆ ಎಂದು ಯಾರೂ ನೋಡಿರಲಿಲ್ಲ. ನಕ್ಷತ್ರ, ಎಲೆ, ಹೂವಿನ ನಡುವೆ ಮೀನು, ಮೊಟ್ಟೆ, ಕೋಳಿಯ ಕಾಲು, ಜೊತೆಗೊಂದು ಪ್ಲಾಸ್ಟಿಕ್ ಚಾಕು. ನಮ್ಮದೇ ಮಕ್ಕಳು ಮೀನು ಒತ್ತಿ ತೆಗೆದು, ಚಾಕುವಿನಿಂದ ತುಂಡರಿಸಿ, ತಟ್ಟೆಯಲ್ಲಿಟ್ಟು "ಬನ್ನಿ ಊಟಕ್ಕೆ" ಎಂದು ಕರೆಯುತ್ತಿದ್ದರು. ಮಕ್ಕಳಲ್ಲಿ ದೋಷವಿಲ್ಲ. ಆದರೆ ಕಣಕಕ್ಕೆ ಹಾಕಿದ ಅಡುಗೆಯ ಪರಿಮಳವೇ ಆಟವನ್ನು ಊಟದ ಕಡೆಗೆ ತಿರುಗಿಸಿತು ಎಂಬುದನ್ನು ಗಮನಿಸಬೇಕು. ವಾಸನೆಯಿಲ್ಲದ ಮೀನು ನೀರಿನಲ್ಲಿ ಈಜುತ್ತದೆ. ಮಸಾಲೆಯ ವಾಸನೆ ಹತ್ತಿದ ಮೀನು ಬಾಣಲೆಗೇ ಹೋಗುತ್ತದೆ. ಹಿಟ್ಟಿನ ಕೋಳಿಗೆ ಕತ್ತಿ ಬೀಳುವುದು ಇಲ್ಲಿ. ಕತ್ತಿ ಕೊಟ್ಟವರು ನಾವು.

ಹಾಕುವ ಸಾಮಗ್ರಿಗಳ ಮೂಲವನ್ನು ಎಷ್ಟು ಮಂದಿ ವಿಚಾರಿಸಿದ್ದಾರೆ? ಕಣಕ ನಯವಾಗಿರಲೆಂದು ಹಾಕುವ ಕ್ರೀಮ್ ಆಫ್ ಟಾರ್ಟರ್ ಎಂಬ ಬಿಳಿಯ ಪುಡಿ ದ್ರಾಕ್ಷಿಯ ಮದ್ಯ ಹುಳಿಯುವ ಪೀಪಾಯಿಯ ಗೋಡೆಗೆ ಕಟ್ಟುವ ಹರಳಿನಿಂದ ಬರುತ್ತದೆ. ವೆನಿಲ್ಲಾ ಎಕ್ಸ್‌ಟ್ರಾಕ್ಟ್ ಎಂದರೆ ವೆನಿಲ್ಲಾ ಕೋಡನ್ನು ಮದ್ಯಸಾರದಲ್ಲಿ ನೆನೆಸಿ ತೆಗೆದ ಸತ್ವ. ಹಣ್ಣಿನ ವಾಸನೆಗೆಂದು ಜೆಲ್ಲಿ ಪುಡಿ ಹಾಕುವ ಕ್ರಮ ವಿದೇಶದ ಚೀಟಿಗಳಿಂದ ಬಂದದ್ದು; ಅಲ್ಲಿಯ ಜೆಲ್ಲಿ ಪುಡಿಯಲ್ಲಿರುವ ಜೆಲಟಿನ್ ಪ್ರಾಣಿಗಳ ತೊಗಲು ಮೂಳೆಗಳನ್ನು ಕುದಿಸಿ ತೆಗೆದದ್ದು. ಕಾರ್ಮೈನ್ ಎಂಬ ಕೆಂಪು ಬಣ್ಣ ಒಣಗಿಸಿ ಅರೆದ ಕೀಟಗಳದು. ಗಡ್ಡೆ ಗೆಣಸು ಅಡುಗೆಮನೆಗೆ ಬಾರದಂತೆ ಕಾಯುವ ತಾಯಂದಿರು ಇವನ್ನು ಆಟಿಕೆಯ ಹೆಸರಿನಲ್ಲಿ ಅದೇ ಪಾತ್ರೆಯಲ್ಲಿ ಕಾಯಿಸುತ್ತಿದ್ದಾರೆ. ತಿನ್ನುವುದಲ್ಲವಲ್ಲ ಎಂದು ಒಬ್ಬರು ನನಗೆ ಹೇಳಿದರು. ತಿನ್ನದ ವಸ್ತುವಿಗೆ ತಿನಿಸಿನ ವಾಸನೆ ಏಕೆ ಎಂಬ ಮೊದಲ ಪ್ರಶ್ನೆಗೇ ಅವರು ನನ್ನನ್ನು ಮರಳಿ ತಂದರು.

ಕೊಡ್ಲಿಪೇಟೆಯ ಕಣಕದ ಕಥೆ ಅಲ್ಲಿಗೇ ಮುಗಿಯಲಿಲ್ಲ. ಮಗು ಉಗುಳಿದ ದಿನವೇ ಮಗಳು ಹೆದರಿ, ಮರುದಿನ ಉಪ್ಪನ್ನು ಕಾಲುಭಾಗಕ್ಕೆ ಇಳಿಸಿ ಇನ್ನೊಂದು ಮುದ್ದೆ ಮಾಡಿದಳು. ನಾಲ್ಕನೆಯ ದಿನ ಡಬ್ಬಿ ತೆರೆದರೆ ಮೇಲೆಲ್ಲ ಬೂದುಬಣ್ಣದ ನವಿರಾದ ಬೂಷ್ಟು. ಉಪ್ಪು ಹೆಚ್ಚಾದರೆ ಮಗುವಿಗೆ ಕೇಡು. ಉಪ್ಪು ಕಡಿಮೆಯಾದರೆ ಅಸಂಖ್ಯ ಜೀವಗಳ ಹುಟ್ಟುಸಾವು. ಮಲೆನಾಡಿನ ಮಳೆಗಾಲದಲ್ಲಿ ಈ ಎರಡರ ನಡುವೆ ಸುರಕ್ಷಿತವಾದ ಅಳತೆಯೊಂದು ನನಗೆ ಕಾಣಲಿಲ್ಲ. ನಮ್ಮ ಹಿರಿಯರು ಬೀಸಿದ ಹಿಟ್ಟಿಗೆ ಮರ್ಯಾದೆ ಕಟ್ಟಿದ್ದರು: ಚಳಿಗಾಲದಲ್ಲಿ ಏಳು ದಿನ, ಬೇಸಿಗೆಯಲ್ಲಿ ಐದು, ಮಳೆಗಾಲದಲ್ಲಿ ಮೂರು. ಸೂಕ್ಷ್ಮದರ್ಶಕವಿಲ್ಲದ ಕಾಲದಲ್ಲಿ ಋತುವನ್ನು ನೋಡಿ ಎಣಿಸಿದ ಆ ಮೂರು ದಿನ ಎಷ್ಟು ಸರಿಯಾಗಿತ್ತು ಎಂಬುದನ್ನು ನಾನು ಆ ಡಬ್ಬಿಯಲ್ಲಿ ಕಂಡೆ. ಒಣ ಹಿಟ್ಟಿಗೇ ಅಷ್ಟು ಬಿಗಿಯಾದ ಲೆಕ್ಕ. ನೀರು ಬೆರೆತ ಮುದ್ದೆಯನ್ನು ತಿಂಗಳುಗಟ್ಟಲೆ ಇಟ್ಟು ಆಡಿ ಎಂದು ಬರೆದ ಚೀಟಿಯನ್ನು ಚಾತುರ್ಮಾಸ್ಯದ ಹೊಸ್ತಿಲಲ್ಲಿ ನಮ್ಮ ಬಸದಿಯಿಂದಲೇ ಹಂಚಿದ್ದು ಸೋಜಿಗ.

ಈ ಪದಾರ್ಥದ ಹುಟ್ಟೂ ಅಡುಗೆಮನೆಯಲ್ಲಿ ಆದದ್ದಲ್ಲ. ಅಮೆರಿಕದ ಸಿನ್ಸಿನಾಟಿಯ ಕಾರ್ಖಾನೆಯೊಂದು ಕಲ್ಲಿದ್ದಲಿನ ಮಸಿ ಹಿಡಿದ ಗೋಡೆಕಾಗದವನ್ನು ಉಜ್ಜಿ ತೆಗೆಯಲು ಮಾಡುತ್ತಿದ್ದ ಮುದ್ದೆ ಅದು. ಕಲ್ಲಿದ್ದಲಿನ ಒಲೆಗಳು ಹೋಗಿ ವ್ಯಾಪಾರ ಕುಗ್ಗಿದಾಗ, ಶಿಶುವಿಹಾರದ ಶಿಕ್ಷಕಿಯೊಬ್ಬರು ಮಕ್ಕಳಿಗೆ ಕೊಟ್ಟು ನೋಡಿ ಸಲಹೆ ಮಾಡಿದ್ದರಿಂದ 1956ರ ಸುಮಾರಿಗೆ ಆಟಿಕೆಯಾಗಿ ಪೇಟೆಗೆ ಬಂತು. 2018ರಲ್ಲಿ ಅದರ ವಾಸನೆಯೇ ಅಲ್ಲಿ ಕಂಪನಿಯ ವ್ಯಾಪಾರಮುದ್ರೆಯಾಗಿ ನೋಂದಣಿಯಾಯಿತು. ಮಗುವಿನ ನೆನಪಿನಲ್ಲಿ ವಾಸನೆ ಎಷ್ಟು ಆಳಕ್ಕೆ ಇಳಿಯುತ್ತದೆ ಎಂಬುದನ್ನು ವರ್ತಕ ಬಲ್ಲ.

ಸ್ಥಾಪನೆಯ ವಾದವನ್ನು ಒಬ್ಬ ಪಂಡಿತರು ನನ್ನೆದುರು ಮಂಡಿಸಿದರು. ಅದಕ್ಕೆ ಉತ್ತರ ಸುಲಭವಲ್ಲ. ಉತ್ತರದ ತೇರಾಪಂಥೀ ದಿಗಂಬರರು ಕೇಸರಿ ಬಣ್ಣದ ಅಕ್ಕಿಯನ್ನೇ ಪುಷ್ಪವೆಂದು, ಕೊಬ್ಬರಿಯ ಚೂರನ್ನೇ ನೈವೇದ್ಯವೆಂದು ಅರ್ಪಿಸುತ್ತಾರೆ. ಒಂದರಲ್ಲಿ ಇನ್ನೊಂದನ್ನು ಕಲ್ಪಿಸುವುದು ಅಲ್ಲಿ ಧರ್ಮವಾದರೆ ಮಗುವಿನ ಕಣಕದ ಲಾಡು ಹೇಗೆ ವಂಚನೆ ಎಂದು ಅವರ ಪ್ರಶ್ನೆ. ನಾನು ಎರಡು ದಿನ ಯೋಚಿಸಿದೆ. ಆ ಭಾನುವಾರ ಮಳೆ ಬಿಟ್ಟಿದ್ದರಿಂದ ಮುಳ್ಳೂರಿಗೆ ಹೋಗಿದ್ದೆವು. ಕೊಂಗಾಳ್ವರ ಕಾಲದ ಪಾರ್ಶ್ವನಾಥ, ಶಾಂತಿನಾಥ, ಚಂದ್ರನಾಥ ಬಸದಿಗಳು ಅಲ್ಲಿವೆ. ಅರಸನ ತಾಯಿ ಪೋಚಬ್ಬರಸಿ ಪಾರ್ಶ್ವನಾಥ ಬಸದಿಯನ್ನು ಮಾಡಿಸಿದ ಸಂಗತಿ 1058ರ ಶಾಸನದಿಂದ ತಿಳಿಯುತ್ತದೆ. ಮೊಮ್ಮಗಳು ಅಂಗೈಯಲ್ಲಿ ಒಂದು ಕಣಕದ ಉಂಡೆಯನ್ನು ಬಚ್ಚಿಟ್ಟು ತಂದಿದ್ದಳು. "ಸ್ವಾಮಿಗೆ ಲಾಡು ಇಡಲಾ ಅಜ್ಜಿ?" ಎಂದಳು. ತಾನೇ ಯೋಚಿಸಿ, "ಬೇಡ, ಅದು ಉಪ್ಪು" ಎಂದು ಕೈ ಹಿಂತೆಗೆದಳು. ಪಂಡಿತರಿಗೆ ನನ್ನ ಉತ್ತರ ಅಲ್ಲಿ ಸಿಕ್ಕಿತು. ಕೇಸರಿಯ ಅಕ್ಕಿಯಲ್ಲಿ ಪುಷ್ಪವನ್ನು ಕಲ್ಪಿಸುವವನಿಗೆ ಅದು ಅಕ್ಕಿಯೆಂದು ಗೊತ್ತು, ಕಲ್ಪನೆ ಅವನದೇ. ಬರಿಯ ಮುದ್ದೆಯನ್ನು ಮಗು ತಾನಾಗಿ ಲಾಡು ಎಂದರೆ ಅದೂ ಸ್ಥಾಪನೆಯೇ, ನಿರ್ದೋಷವಾದದ್ದು. ಏಲಕ್ಕಿ ಬೆರೆಸಿದವರು ನಾವಾದಾಗ ಕಲ್ಪನೆಯ ಹಕ್ಕನ್ನು ಮಗುವಿನಿಂದ ಕಿತ್ತುಕೊಂಡು ಅದರ ಜಾಗದಲ್ಲಿ ಭ್ರಮೆಯನ್ನಿಟ್ಟೆವು.

ಕಣ್ಣು ಕಾಣದ ಮಕ್ಕಳಿಗೆ, ಆಹಾರದ ಸ್ಪರ್ಶಕ್ಕೇ ಹೆದರುವ ಕೆಲವು ಮಕ್ಕಳಿಗೆ ವಾಸನೆಯ ಕಣಕದಿಂದ ಉಪಯೋಗವಿದೆ ಎಂದು ಚಿಕಿತ್ಸಕರು ಹೇಳುವುದನ್ನು ನಾನು ತಳ್ಳಿಹಾಕುವುದಿಲ್ಲ. ಅದು ಬಲ್ಲವರ ಕಣ್ಣೆದುರು ಒಂದೊಂದು ಮಗುವಿಗೆ ನಡೆಯುವ ಕೆಲಸ. ಐವತ್ತು ಮಕ್ಕಳಿಗೆ ಇಬ್ಬರು ಸ್ವಯಂಸೇವಕರಿರುವ ಶಿಬಿರದಲ್ಲಿ ಅದರ ಹೆಸರು ಹೇಳುವುದು ಸರಿಯಲ್ಲ.

ಹಾಗಾದರೆ ಮಕ್ಕಳಿಗೆ ಏನು ಕೊಡಬೇಕು ಎಂದು ಕೇಳುತ್ತೀರಿ. ಹಸಿ ಚಪಾತಿ ಹಿಟ್ಟನ್ನು ಕೊಡಿ ಎನ್ನಲು ಹೊರಟಿದ್ದೆ. ಹಸಿಹಿಟ್ಟಿನಿಂದಲೂ ರೋಗಾಣುಗಳು ಹರಡುತ್ತವೆಂದೂ, ಅದನ್ನು ಮಕ್ಕಳ ಆಟಕ್ಕೆ ಕೊಡಬಾರದೆಂದೂ ಅಮೆರಿಕದ ಆಹಾರ ಮತ್ತು ಔಷಧ ಆಡಳಿತ 2016ರಲ್ಲಿ ಎಚ್ಚರಿಸಿದ್ದು ತಿಳಿದು ಆ ಮಾತನ್ನು ಹಿಂತೆಗೆದುಕೊಂಡೆ. ಉತ್ತಮವಾದ ದಾರಿ ಕೊಡ್ಲಿಪೇಟೆಯ ಒಲೆಯ ಮೇಲೆಯೇ ಇತ್ತು. ಕೊಡವರು ಕಡಂಬುಟ್ಟು ಎನ್ನುವುದನ್ನು ಈ ಕಡೆಯ ಮನೆಗಳಲ್ಲಿ ಕಡುಬು ಎನ್ನುತ್ತಾರೆ. ಅಕ್ಕಿ ತರಿಯನ್ನು ನೀರಿನಲ್ಲಿ ಬೇಯಿಸಿ, ಬೆಚ್ಚಗಿರುವಾಗ ಉಂಡೆ ಕಟ್ಟಿ, ಮತ್ತೆ ಹಬೆಯಲ್ಲಿ ಬೇಯಿಸುವ ತಿಂಡಿ. ಕೈ ತೊಳೆಸಿ ಮೊಮ್ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡೆವು. ಬೆರಳಿಗೆ ಅಂಟುವ ಬಿಸುಪು, ತರಿಯ ಒರಟು, ಎಣ್ಣೆ ಸವರಿದ ಅಂಗೈಯ ನುಣುಪು, ಹಬೆಯ ವಾಸನೆ, ಇಂದ್ರಿಯದ ಆಟಕ್ಕೆ ಯಾವುದು ಕಡಿಮೆ? ಅವಳು ಮೊದಲು ಉಂಡೆ, ಅನಂತರ ಬಸವನಹುಳು, ಅನಂತರ ಹೆಸರಿಲ್ಲದ ಒಂದು ಪ್ರಾಣಿ ಮಾಡಿದಳು. ಎಲ್ಲವೂ ಬೆಂದವು. ಸೂರ್ಯಾಸ್ತಕ್ಕೆ ಮೊದಲು ಎಲ್ಲವೂ ಮುಗಿದವು. ಡಬ್ಬಿಯಲ್ಲಿಡಲು ಏನೂ ಉಳಿಯಲಿಲ್ಲ. ಹೆಸರಿಲ್ಲದ ಪ್ರಾಣಿಯನ್ನು ಮಾತ್ರ ತಿನ್ನಲು ಅವಳು ಒಪ್ಪಲಿಲ್ಲ. ಅದನ್ನು ಮತ್ತೆ ಉಂಡೆ ಮಾಡಿಕೊಟ್ಟ ಮೇಲೆ ತಿಂದಳು. ಈ ಸೂಕ್ಷ್ಮವನ್ನು ಅವಳಿಗೆ ನಾವು ಹೇಳಿಕೊಟ್ಟಿರಲಿಲ್ಲ.

ವಾಸನೆಯ ಪಾಠವೇ ಬೇಕೆಂದರೆ ಅದಕ್ಕೂ ಮಾದರಿಯಿದೆ. 1939ರಲ್ಲಿ ಮದರಾಸಿನ ಅಡ್ಯಾರಿಗೆ ಬಂದು ವರ್ಷಗಟ್ಟಲೆ ನಮ್ಮ ದೇಶದಲ್ಲಿ ಶಿಕ್ಷಕರಿಗೆ ತರಬೇತಿ ಕೊಟ್ಟ ಮರಿಯಾ ಮಾಂಟೆಸೊರಿಯವರ ಪದ್ಧತಿಯಲ್ಲಿ ವಾಸನೆಯ ಕುಪ್ಪಿಗಳಿವೆ. ಜೋಡಿ ಜೋಡಿ ಕುಪ್ಪಿಗಳನ್ನು ಮೂಸಿ ಮಗು ಸಮನಾದದ್ದನ್ನು ಹೊಂದಿಸುತ್ತದೆ. ಕೊಡಗಿನ ಯಾವ ಮನೆಯಲ್ಲಿ ಮೆಣಸು, ಏಲಕ್ಕಿ, ಹುರಿದ ಕಾಫಿಬೀಜ ಇಲ್ಲ? ಏಲಕ್ಕಿ ಏಲಕ್ಕಿಯಾಗಿಯೇ ಮೂಗಿಗೆ ಬರಲಿ. ಆಡಲು ಮುದ್ದೆಯೇ ಬೇಕಾದ ಮಗುವಿಗೆ ಪರಿಮಳವಿಲ್ಲದ ಮುದ್ದೆಯನ್ನು, ದೊಡ್ಡವರೊಬ್ಬರು ಪಕ್ಕದಲ್ಲಿ ಕುಳಿತು, ಅಂದಿಗಷ್ಟೇ ಸಾಲುವಷ್ಟು ಮಾಡಿಕೊಡಿ. ಬರುವ ಬೇಸಿಗೆಯ ಶಿಬಿರದ ಸಾಮಗ್ರಿ ಕೊಳ್ಳುವ ಮುನ್ನ ಪ್ರತಿಯೊಂದು ಬಸದಿಯ ಮಂಡಳಿಯವರೂ ಆ ಅಚ್ಚಿನ ಪೆಟ್ಟಿಗೆಯನ್ನು ಒಮ್ಮೆ ತೆರೆದು ನೋಡಿ, ಮೀನು ಮತ್ತು ಚಾಕುವನ್ನು ಹೊರಗಿಡಬೇಕೆಂದು ನನ್ನ ಲಿಖಿತ ಮನವಿ. ಇದನ್ನು ನಮ್ಮ ಮಂಡಳಿಗೆ ಈಗಾಗಲೇ ಸಲ್ಲಿಸಿದ್ದೇನೆ, ಉತ್ತರ ಬಂದಿಲ್ಲ.

ಉಳಿದ ಮೊದಲ ಮುದ್ದೆಯನ್ನು, ಉಪ್ಪು ಹೆಚ್ಚಾಗಿದ್ದುದನ್ನು, ಏನು ಮಾಡಬೇಕೆಂದು ನಾವು ಮೂವರೂ ಕುಳಿತು ಯೋಚಿಸಿದೆವು. ನೀರಿಗೆ ಬಿಟ್ಟರೆ ನೀರಿನ ಜೀವಗಳಿಗೆ, ತೋಟಕ್ಕೆ ಎಸೆದರೆ ಎರೆಹುಳುಗಳಿಗೆ, ಮಳೆಗಾಲದ ನೆಲದ ತುಂಬ ಇರುವ ಇಂಬಳಗಳಿಗೆ. ಕಾಲಿಗೆ ಹತ್ತಿದ ಇಂಬಳ ಉದುರಲೆಂದು ಜನ ಉಪ್ಪನ್ನೇ ತಾನೆ ಬಳಸುವುದು. ಹೊರಗಿಟ್ಟರೆ ಬೀದಿನಾಯಿ ಏಲಕ್ಕಿಯ ವಾಸನೆಗೆ ಬರುತ್ತದೆ. ಕೊನೆಗೆ ಅಳಿಯ ಅದನ್ನು ಹಾಳೆಯಲ್ಲಿ ಸುತ್ತಿ, ಸೌದೆ ಒಲೆಯ ಮೇಲಿನ ಅಟ್ಟದಲ್ಲಿ ಒಣಗಲು ಇಟ್ಟರು. ಮೊನ್ನೆ ಫೋನಿನಲ್ಲಿ ವಿಚಾರಿಸಿದೆ. ಕಲ್ಲಿನಂತಾಗಿದೆಯಂತೆ, ಹತ್ತಿರ ಹೋದರೆ ಈಗಲೂ ಪಾಯಸದ ವಾಸನೆಯಂತೆ.